ಪೈಲ್ವಾನನ ಖಾಲಿ ಮನೆ

ನಮ್ಮ ಊರಿನಲ್ಲಿ ಮನೆ ಬದಲಿಸುವುದೆಂದರೆ ಇನ್ನೊಬ್ಬರ ಚಪ್ಪಲಿ ಮೆಟ್ಟಿದ ಹಾಗೆ. ಕುಳ್ಳರು ಬಿಟ್ಟುಹೋದ ಮನೆಗೆ ಉದ್ದನೆಯವರು ಬಂದರೆ ಒಂದು ವರ್ಷ ತಲೆ ಬಗ್ಗಿಸಿಕೊಂಡೇ ಓಡಾಡಬೇಕು. ಎಡಚರು ಇದ್ದುಹೋದ ಮನೆಯಲ್ಲಿ ಚಿಲಕಗಳೆಲ್ಲ ಅತ್ತ ಕಡೆಗಿರುತ್ತವೆ, ಬಲಗೈಯವರು ಬಾಗಿಲು ತೆಗೆಯಲು ಹೋಗಿ ಮೈ ತಿರುಚಿಕೊಳ್ಳುತ್ತಾರೆ. ಆಮೇಲೆ ನಿಧಾನಕ್ಕೆ ಮನೆ ಹೊಸಬರ ಕಡೆ ತಿರುಗುತ್ತದೆ. ಗೋಡೆಯ ಗೂಡು ಕೆಳಗಿಳಿಯುತ್ತದೆ, ಚಿಲಕ ಸರಿಯುತ್ತದೆ, ಮೆಟ್ಟಿಲು ಅವರ ಹೆಜ್ಜೆಯ ಅಳತೆಗೆ ಬರುತ್ತದೆ. ಅವಸರಪಟ್ಟು ಗೌಂಡಿಯನ್ನು ಕರೆಸಿ ಹೊಸ್ತಿಲು ಒಡೆಸಿದರೆ ಪ್ರಯೋಜನವಿಲ್ಲ, ವಾರದೊಳಗೆ ಅದು ಮತ್ತೆ ಬೆಳೆದು ನಿಂತಿರುತ್ತದೆ. ಗಟ್ಟಿಮುಟ್ಟಾದವರು ಆ ಒಂದು ವರ್ಷವನ್ನು ಬೈದುಕೊಂಡು ಕಳೆದುಬಿಡುತ್ತಾರೆ. ಉಸಿರಾಟದ ತೊಂದರೆ ಇದ್ದವರು, ಕಣ್ಣು ಕಾಣದವರು, ನಡೆಯಲಾಗದವರು ಹಾಗೆ ಕಳೆಯಲಾರರು. ಅವರಿಗಾಗಿಯೇ ನಮ್ಮ ಪುರಸಭೆಯಲ್ಲಿ ಹೊಂದಿಕೆ ಕಚೇರಿ ಇದೆ. ನಾನು ಅದರಲ್ಲಿ ಹೊಸದಾಗಿ ಸೇರಿದ ಗುಮಾಸ್ತೆ. ಹೆಸರು ನೀಲಾಂಬಿಕಾ, ಎಲ್ಲರೂ ನೀಲಾ ಅನ್ನುತ್ತಾರೆ.

ನನಗೆ ಈ ಕೆಲಸ ಎಷ್ಟು ಇಷ್ಟವೆಂದರೆ ರವಿವಾರ ಬಂದರೆ ಬೇಜಾರಾಗುತ್ತದೆ. ಕೆಲಸ ಕೇಳಲು ಸುಲಭ. ಪುರಸಭೆಯ ಮನೆಯೊಂದು ಖಾಲಿಯಾದಾಗ ಅದರಲ್ಲಿ ಎಂಥವರಿದ್ದರು ಎಂದು ನೋಡಿ ಅಂಥವರಿಗೇ ಕೊಡುವುದು. ಕೆಮ್ಮಿನವರು ಇದ್ದ ಮನೆಯಲ್ಲಿ ಕಿಟಕಿಗಳು ಅಗಲವಾಗಿ, ಮೂಲೆಗಳೆಲ್ಲ ಗುಂಡಗಾಗಿ ಧೂಳು ಕೂರಲು ಜಾಗವೇ ಇರುವುದಿಲ್ಲ, ಅದು ಇನ್ನೊಬ್ಬ ಕೆಮ್ಮಿನವರಿಗೆ. ಕಣ್ಣು ಕಾಣದ ಸಂಗಯ್ಯ ಒಬ್ಬರೇ ಇದ್ದು ಹೋದ ಮನೆಯಲ್ಲಿ ಗೋಡೆಯುದ್ದಕ್ಕೂ ಕೈಗೆ ಸಿಗುವ ಹಾಗೆ ಒಂದು ಏಣು ಎದ್ದಿತ್ತು. ಅದನ್ನು ಕಣ್ಣು ಕಳೆದುಕೊಂಡಿದ್ದ ಒಬ್ಬ ಪೋಸ್ಟ್‌ಮ್ಯಾನ್‌ಗೆ ಕೊಟ್ಟೆವು. ಮೊದಲ ದಿನವೇ ಆತ ಆ ಏಣು ಹಿಡಿದುಕೊಂಡು ಶಿಳ್ಳೆ ಹಾಕುತ್ತ ಅಡುಗೆಮನೆಗೆ ಹೋಗಿದ್ದನ್ನು ನಾನು ಕಿಟಕಿಯಿಂದ ನೋಡಿದೆ. ಎಲ್ಲವೂ ಹೀಗೆ ಕೂಡಿಬರುತ್ತಿತ್ತು ಎಂದಲ್ಲ. ಕೆಲವರು ತಿಂಗಳು ತುಂಬುವುದರೊಳಗೆ ಕೀಲಿ ತಂದು ಮೇಜಿನ ಮೇಲಿಟ್ಟು, ಹೊಂದಲಿಲ್ಲ ಎಂದು ಹೋಗಿಬಿಡುತ್ತಿದ್ದರು. ಅವರ ನಸೀಬು ಎಂದುಕೊಂಡು ನಾವು ಸುಮ್ಮನಾಗುತ್ತಿದ್ದೆವು.

ಒಂದು ನಿಯಮ ಮಾತ್ರ ಬಹಳ ಕಟ್ಟುನಿಟ್ಟು. ಖಾಲಿ ಮನೆಯೊಳಗೆ ಕಚೇರಿಯವರು ಕಾಲಿಡಬಾರದು. ಹಿಂದೆ ಯಾರೋ ಒಬ್ಬ ಗುಮಾಸ್ತ ತಪಾಸಣೆಗೆಂದು ಹೋಗಿ ಅಲ್ಲೇ ದಿನಾ ಚಹಾ ಕಾಸಿಕೊಂಡು ಕುಡಿಯುತ್ತಿದ್ದನಂತೆ. ಹೊಸ ಬಾಡಿಗೆದಾರರು ಬರುವಷ್ಟರಲ್ಲಿ ಒಲೆಕಟ್ಟೆ ಅವನ ಮೊಣಕೈ ಮಟ್ಟಕ್ಕೆ ಏರಿ ಕೂತಿತ್ತಂತೆ. ಅಂದಿನಿಂದ ನಾವು ಕೀಲಿಯ ಮೇಲಿನ ಹೆಸರು ನೋಡಿಯೇ ಹೊಂದಿಸುವುದು. ಕೀಲಿ ಯಾರ ಹೆಸರಲ್ಲಿತ್ತೋ ಮನೆ ಅವರ ಹಾಗೆ ಇರುತ್ತದೆ ಎಂಬುದು ಊರಿಗೆಲ್ಲ ಗೊತ್ತಿದ್ದ ಮಾತು.

ಕಸ್ತೂರಿ ನಮ್ಮ ಕಚೇರಿಗೆ ಬಂದಾಗ ಬೇಸಿಗೆ ರಜೆ ಮುಗಿಯುತ್ತಿತ್ತು. ಕುಪ್ಪಸ ಹೊಲಿಯುವ ಹೆಂಗಸು, ವಯಸ್ಸು ಮೂವತ್ತು ದಾಟಿರಬೇಕು. ಹೋದ ವರ್ಷ ಟಂಟಂ ಗಾಡಿ ಪಲ್ಟಿಯಾಗಿ ಸೊಂಟದಿಂದ ಕೆಳಗೆ ಶಕ್ತಿ ಹೋಗಿತ್ತು. ನಾಲ್ಕು ಗಾಲಿಯ ಒಂದು ಹಲಗೆಯ ಮೇಲೆ ಕೂತು ಎರಡೂ ಕೈಯಿಂದ ನೆಲ ತಳ್ಳಿಕೊಂಡು ಬರುತ್ತಿದ್ದಳು. ಅವಳು ಮೊದಲಿದ್ದ ಕೋಣೆ ಮೂರನೇ ಅಂತಸ್ತಿನಲ್ಲಿತ್ತು, ಅದು ಹೋಯಿತು. ಗಂಡ ಅದಕ್ಕೂ ಮೊದಲೇ ಹೋಗಿದ್ದ. ಈಗ ದವಾಖಾನೆಯ ಹಿಂದಿನ ಧರ್ಮಶಾಲೆಯ ಪಡಸಾಲೆಯಲ್ಲಿ ಹಾಸಿಗೆ. ಅಲ್ಲಿ ಮಕ್ಕಳನ್ನು ಇಟ್ಟುಕೊಳ್ಳಲು ಬಿಡುವುದಿಲ್ಲವಾದ್ದರಿಂದ ಎಂಟು ವರ್ಷದ ಮಗಳು ಮಂದಾರ ಕಸ್ತೂರಿಯ ಅಕ್ಕ ಶಕುಂತಲಾಳ ಮನೆಯಲ್ಲಿದ್ದಳು.

"ತಂಗಿ, ನಮ್ಮ ಅಕ್ಕನ ಗಂಡಗ ಬಂದರದ ಊರಿಗೆ ವರ್ಗ ಆಗೈತಿ," ಎಂದಳು ಕಸ್ತೂರಿ. "ಸೋಮವಾರ ಮಧ್ಯಾಹ್ನದ ಬಸ್ಸಿಗೆ ಹೊಂಟಾರ. ಅಷ್ಟರಾಗ ನನಗ ಮನಿ ಆದ್ರ ಮಂದಾ ನನ್ನ ಕಡೆ. ಆಗಲಿಲ್ಲಂದ್ರ ಅವರ ಜೋಡಿ ಹೋಗ್ತಾಳ. ಅಲ್ಲಿ ಸಾಲಿಗೆ ಹಾಕಿದ್ರಂದ್ರ ಮುಗೀತು, ಆಮ್ಯಾಲೆ ಆಕಿ ನನ್ನ ಮಗಳಲ್ಲ, ರಜಾಕ್ಕ ಬರೂ ಬೀಗರ ಹುಡಿಗಿ."

ನನಗೆ ಆಗಲೇ ಮನೆ ಹೊಳೆದಿತ್ತು. ಬಸಲಿಂಗ ಮಾಸ್ತರರ ಮನೆ. ಮಾಸ್ತರರು ಒಂಬತ್ತು ವರ್ಷ ಗಾಲಿಕುರ್ಚಿಯಲ್ಲಿದ್ದು ಈ ಯುಗಾದಿಗೆ ಮುಂಚೆ ತೀರಿಕೊಂಡರು. ಅವರ ಹೆಂಡತಿ ಬಾಳವ್ವ ಮನೆ ಬಿಟ್ಟು ನೇಕಾರ ಓಣಿಯ ತಂಗಿಯ ಮನೆಗೆ ಹೋಗಿದ್ದರು. ನಾನು ಓಡಿಹೋಗಿ ನಮ್ಮ ಮುಖ್ಯಾಧಿಕಾರಿ ಫಕೀರಪ್ಪ ಸಾಹೇಬರಿಗೆ ಹೇಳಿದೆ. ಅವರು ಕನ್ನಡಕ ಹಣೆಗೇರಿಸಿ ಒಂದೇ ಮಾತು ಹೇಳಿದರು.

"ಗಾಲಿಗೆ ಗಾಲಿ. ಹೊಂದ್ತೈತಿ. ಕೊಡು."

ಗುರುವಾರ ಮುಂಜಾನೆ ಮನೆಯ ಮುಂದೆ ಸಾಹೇಬರೊಂದಿಗೆ ನಾವೆಲ್ಲ ಸೇರಿದೆವು. ಶಕುಂತಲಾ ಮಂದಾರಳ ಕೈ ಹಿಡಿದು ಬಂದಿದ್ದಳು. ಮಂದಾರ ಎರಡು ಜಡೆಗೂ ಕೆಂಪು ರಿಬ್ಬನ್ ಕಟ್ಟಿಕೊಂಡು, ಅವ್ವನ ಹಲಗೆಯ ಹಿಂದೆ ನಿಂತು ಅದನ್ನು ತಳ್ಳಲು ಕಾಯುತ್ತಿದ್ದಳು. ನಾನು ಬೀದಿಯಲ್ಲೇ ನಿಂತು ಕೀಲಿ ಕೊಟ್ಟೆ. ಬಾಗಿಲು ತೆರೆಯಿತು.

ಹೊಸ್ತಿಲು ನನ್ನ ಮೊಣಕಾಲ ತನಕ ಇತ್ತು. ಬಾಗಿಲು ಎಷ್ಟು ಇಕ್ಕಟ್ಟೆಂದರೆ ಗಾಲಿಕುರ್ಚಿಯಿರಲಿ, ಕಸ್ತೂರಿಯ ಹಲಗೆಯೂ ಓರೆಯಾಗದೆ ಹೋಗುತ್ತಿರಲಿಲ್ಲ. ಒಳಗೆ ಒಲೆಕಟ್ಟೆ ಎದೆಯೆತ್ತರ. ಪಾತ್ರೆಯ ಗೂಡು ಅದಕ್ಕೂ ಮೇಲೆ. ನಲ್ಲಿಗೆ ಕೈ ಮುಟ್ಟಬೇಕಾದರೆ ನಾನೇ ತುದಿಗಾಲಲ್ಲಿ ನಿಲ್ಲಬೇಕಿತ್ತು. ಕಸ್ತೂರಿ ಹೊಸ್ತಿಲಿನ ತನಕ ಹೋಗಿ ಅದರ ಮೇಲೆ ಅಂಗೈ ಇಟ್ಟು ಕೂತಳು. ಮಂದಾರ ಹಿಂದಿನಿಂದ ಹಲಗೆಯನ್ನು ಒಮ್ಮೆ ತಳ್ಳಿದಳು. ಗಾಲಿ ಹೊಸ್ತಿಲಿಗೆ ಬಡಿದು ನಿಂತಿತು. ಇನ್ನೊಮ್ಮೆ ತಳ್ಳಿದಳು.

"ಬಿಡು ಮಂದಾ," ಎಂದಳು ಕಸ್ತೂರಿ.

"ಒಂದ ವರ್ಷ ತಡೀರಿ, ಮನಿ ತಿರಗತೈತಿ," ಎಂದರು ಫಕೀರಪ್ಪ ಸಾಹೇಬರು.

"ವರ್ಷತನಕ ಹೊಸ್ತಿಲದಾಗ ಕುಂದ್ರಬೇಕೇನ್ರಿ ನಮ್ಮ ತಂಗಿ?" ಎಂದಳು ಶಕುಂತಲಾ. ಅವಳು ಕೆಟ್ಟವಳಲ್ಲ. ಒಂದು ವರ್ಷ ದವಾಖಾನೆಗೂ ಮನೆಗೂ ಓಡಾಡಿ ದಣಿದಿದ್ದಳು. ತಂಗಿಯ ಪಕ್ಕ ಕುಕ್ಕರಗಾಲಲ್ಲಿ ಕೂತು ಮೆಲ್ಲಗೆ ಹೇಳಿದಳು, "ಕಸ್ತೂರಿ, ಹುಡಿಗಿನ್ನ ನಾ ಕರಕೊಂಡು ಹೋಗ್ತೀನಿ. ನೀ ಬೇಕಾದ್ರ ನನ್ನ ಮ್ಯಾಲೆ ಸಿಟ್ಟಾಗು. ಈ ಮನ್ಯಾಗ ಆಕಿಗೆ ಒಂದ ತುತ್ತು ಅನ್ನಾ ಹೆಂಗ ಮಾಡಿ ಹಾಕ್ತಿ ಹೇಳು."

ಕಸ್ತೂರಿ ಅಕ್ಕನ ಮುಖ ನೋಡಲಿಲ್ಲ. ಮನೆಯ ಒಳಗನ್ನೇ ಬಹಳ ಹೊತ್ತು ನೋಡಿ ನನ್ನ ಕಡೆ ತಿರುಗಿದಳು. "ಈ ಮನ್ಯಾಗ ಯಾರರೇ ಇದ್ದಿರಲಿ ತಂಗಿ. ಕುಂತವರು ಇದ್ದಿಲ್ಲ."

ಆ ಮಾತು ನನ್ನ ತಲೆಯೊಳಗೆ ಹೊಕ್ಕು ಕೂತಿತು. ಮಾಸ್ತರರು ಕೂತೇ ಇದ್ದರು. ಇಡೀ ಊರು ನೋಡಿದೆ, ಸಂಜೆ ಬಾಗಿಲ ಮುಂದೆ ಕುರ್ಚಿಯಲ್ಲಿ ಕೂತು ಹೋಗಿಬರುವ ಮಕ್ಕಳಿಗೆ ಮಗ್ಗಿ ಕೇಳುತ್ತಿದ್ದರು. ನನಗೂ ಕೇಳಿದ್ದಾರೆ. ನಾನು ಕಚೇರಿಗೆ ಹೋಗುವ ಬದಲು ಸೈಕಲ್ ಹತ್ತಿ ನೇರ ನೇಕಾರ ಓಣಿಗೆ ಹೋದೆ.

ಬಾಳವ್ವ ಕಾಕೂ ತಂಗಿಯ ಮನೆಯ ಕಟ್ಟೆಯ ಮೇಲೆ ಮೊರ ಹಿಡಿದು ಜೋಳ ಹಸನು ಮಾಡುತ್ತಿದ್ದರು. ಹಾರೆಯ ಹಾಗೆ ನೆಟ್ಟಗಿರುವ ಹೆಂಗಸು, ಕೂತರೂ ನನ್ನ ಭುಜಕ್ಕೆ ಬರುತ್ತಾರೆ. ನಾನು ಉಸಿರು ಬಿಡದೆ ನಡೆದದ್ದನ್ನೆಲ್ಲ ಹೇಳಿ, "ಕಾಕೂ, ಆ ಹೊಸ್ತಿಲಾ ಮಾಸ್ತರ ಕುರ್ಚಿ ಹೆಂಗ ದಾಟತಿತ್ರಿ?" ಎಂದು ಕೇಳಿದೆ.

"ಕುರ್ಚಿ ಎಲ್ಲಿ ದಾಟತಿತ್ತವಾ," ಎಂದರು ಅವರು. "ನಾನೇ ಎತ್ತಿಕೊಂಡು ಹೊರಗ ಕುಂಡ್ರಸತಿದ್ನಿ. ಕೂಸಿನಗತೆ ಹಗೂರ ಇದ್ರು ನಮ್ಮ ಮಾಸ್ತರ."

"ಮತ್ತ ನಲ್ಲಿ? ಗೂಡು?"

"ಅವರಿಗೆ ನಲ್ಲಿ ಯಾಕ ಬೇಕು? ನೀರು ಬೇಕು ಅನ್ನೂಕಿಂತ ಮೊದಲ ಕೈಯಾಗ ಕೊಡತಿದ್ನಿ. ಪುಸ್ತಕಾ ಅಂದ್ರ ಪುಸ್ತಕಾ. ಚಸ್ಮಾ ಅಂದ್ರ ಚಸ್ಮಾ. ಒಂಬತ್ತ ವರ್ಷ ಅವರು ಒಂದ ಕಡ್ಡಿ ಎತ್ತಿಡಲಿಲ್ಲ, ಹಂಗ ನೋಡಿಕೊಂಡೀನಿ." ಅವರ ದನಿಯಲ್ಲಿ ಹೆಮ್ಮೆ ಇತ್ತು. ಹೆಮ್ಮೆಪಡುವ ಮಾತೇ ಅದು.

"ತಾವಾಗೇ ತಗೊಳ್ಳತೀನಿ ಅಂತ ಎಂದೂ ಅನಲಿಲ್ಲೇನ್ರಿ?"

ಮೊರ ನಿಂತಿತು. ಜೋಳದ ಕಾಳುಗಳು ಒಂದು ಬದಿಗೆ ಜಾರಿದವು. "ಮೊದಮೊದಲು ಕೈ ಚಾಚತಿದ್ರು," ಎಂದರು ಬಾಳವ್ವ ಕಾಕೂ. "ನಾನೇ ಬಿಡಲಿಲ್ಲ. ಆಮ್ಯಾಲೆ ಚಾಚೂದೂ ಬಿಟ್ರು." ಮೊರವನ್ನು ಕೆಳಗಿಟ್ಟರು. "ಆ ಮನೀಗೆ ಅವರ ಮ್ಯಾಲೆ ಮಾಯೆ ಮಮತೆ ಇಲ್ಲ ಅಂತ ನಾ ಎಷ್ಟ ಬೈದೀನಿ ನೀಲಾ. ಹೊಸ್ತಿಲಾ ತಗ್ಗ ಆಗವಲ್ದು, ಬಾಗಲಾ ಅಗಲ ಆಗವಲ್ದು. ಈಗ ನೋಡಿದ್ರ, ಅವರು ಅಲ್ಲಿ ಇದ್ದಾರಂತ ಮನೀಗೆ ಗೊತ್ತ ಆಗಿರಲಿಕ್ಕಿಲ್ಲ."

ನಾನು ಹೊರಡುವಾಗ ಅವರೇ ಕರೆದು, "ಆ ಹೆಣ್ಣಮಗಳಿಗೆ ನನ್ನದೊಂದ ಮಾತ ಮುಟ್ಟಸು. ಯಾರರೇ ಪ್ರೀತೀಲೆ ಆಕಿ ಕೈಯಾಗಿನ ಕೆಲಸಾ ಕಸಗೊಳ್ಳಾಕ ಬಂದ್ರ, ಬ್ಯಾಡ ಅನ್ನಾಕ ಹೇಳು," ಎಂದರು. ನಾನು ಸೈಕಲ್ ಹತ್ತಿದ ಮೇಲೂ ಅವರು ಮೊರ ಮುಟ್ಟಿರಲಿಲ್ಲ.

ಕಚೇರಿಗೆ ಬಂದು ಫಕೀರಪ್ಪ ಸಾಹೇಬರ ಮುಂದೆ ನಿಂತು ಒಂದೇ ಉಸಿರಿಗೆ ಹೇಳಿದೆ. ಮನೆ ಕೀಲಿಯ ಹೆಸರಿಗೆ ಹೊಂದುವುದಿಲ್ಲ, ಯಾರ ಕೈ ಕೆಲಸ ಮಾಡುತ್ತದೋ ಅವರಿಗೆ ಹೊಂದುತ್ತದೆ. ಸಂಗಯ್ಯ ಒಬ್ಬರೇ ಇದ್ದು ತಾವೇ ಬೇಯಿಸಿ ತಿನ್ನುತ್ತಿದ್ದರು, ಅದಕ್ಕೆ ಅವರ ಮನೆ ಅವರಂತೆ ಆಯಿತು. ಮನೆ ಹೊಂದಲಿಲ್ಲ ಎಂದು ಕೀಲಿ ತಂದಿಟ್ಟವರೆಲ್ಲ ಇನ್ನಾರೋ ದುಡಿದ ಮನೆಗೆ ಹೋಗಿದ್ದವರು.

"ಕೀಲಿ ಯಾರ ಹೆಸರಿಲೆ ಐತಿ ಮನಿ ಅವರದು," ಎಂದರು ಸಾಹೇಬರು. "ನಾ ಬಂದಾಗಿಂದ ಹಿಂಗ ನಡದೈತಿ. ನೀ ಬಂದು ಎಷ್ಟ ದಿನಾ ಆತು?"

"ಸಾಹೇಬ್ರ, ನಿಮ್ಮ ಮನಿ ನಿಮಗ ಹೊಂದೇತೇನ್ರಿ?"

"ಅದರ ಮಾತ ಬ್ಯಾಡ," ಎಂದರು.

ಆ ಮಾತು ಊರಿಗೇ ಗೊತ್ತು. ಫಕೀರಪ್ಪ ಸಾಹೇಬರು ತಾಳೆಮರದಷ್ಟು ಎತ್ತರ. ಅವರ ಮನೆಯಲ್ಲಿ ಬಟ್ಟೆ ಒಣಹಾಕುವ ಗೂಟಗಳು ಅವರ ಗದ್ದಕ್ಕೆ ಬರುತ್ತವೆ. ದಿನಾ ಬೆಳಿಗ್ಗೆ ಸ್ನಾನ ಮುಗಿಸಿ ಬರುವಾಗ ಹಸಿ ಸೀರೆ ಮುಖಕ್ಕೆ ಬಡಿಯುತ್ತದೆ. ಅಡುಗೆಮನೆಯ ಬಾಗಿಲಲ್ಲಿ ನಿಂತು ಚಹಾ ಕೇಳಿದರೆ ಚೌಕಟ್ಟು ಹಣೆಗೆ ಬಡಿಯುತ್ತದೆ. ಮನೆಗೆ ತಮ್ಮ ಮೇಲೆ ಸಿಟ್ಟಿದೆ ಎಂದು ಅವರು ನಂಬಿ ಎರಡು ಸಲ ಹೋಮ ಮಾಡಿಸಿದ್ದರು.

"ಅರವಿ ಯಾರು ಒಣಹಾಕ್ತಾರ್ರಿ?" ಎಂದು ಕೇಳಿದೆ.

"ನಮ್ಮಾಕಿ."

"ಅಡಗಿ?"

"ನಮ್ಮಾಕಿ."

"ನೀರು ತುಂಬೂದು, ಕಸಾ ಹೊಡಿಯೂದು?"

ಅವರು ಕನ್ನಡಕ ತೆಗೆದು ಮೇಜಿನ ಮೇಲಿಟ್ಟರು. "ನೀ ಕಸ್ತೂರಿ ಮನಿ ಪಂಚಾಯ್ತಿಗೆ ಬಂದೀಯೋ, ನನ್ನ ಮನಿ ಪಂಚಾಯ್ತಿಗೆ ಬಂದೀಯೋ?"

"ಎರಡೂ ಒಂದೇ ಪಂಚಾಯ್ತಿರಿ ಸಾಹೇಬ್ರ."

ಫಕೀರಪ್ಪ ಸಾಹೇಬರು ನನಗಲ್ಲ, ಮೇಜಿಗೆ ಹೇಳುವ ಹಾಗೆ, "ಹಂಗಾರ ಇಷ್ಟ ವರ್ಷ ನಾ ಆ ಮನ್ಯಾಗ ಬೀಗರಗತೆ ಉಂಡು ಎದ್ದು ಬಂದೀನಿ ಅನ್ನು," ಎಂದರು. ಕನ್ನಡಕ ಹಾಕಿಕೊಂಡು ಕೀಲಿಗಳ ಹಲಗೆಯ ಕಡೆ ನೋಡಿದರು. "ಖಾಲಿ ಎಷ್ಟ ಅದಾವ?"

ಮಾಸ್ತರರ ಮನೆ ಬಿಟ್ಟರೆ ಖಾಲಿ ಇದ್ದದ್ದು ಮೂರು. ಮೊದಲನೆಯದರಲ್ಲಿ ಬ್ರಹ್ಮಚಾರಿ ಅಣ್ಣತಮ್ಮಂದಿರಿದ್ದರು, ಮೂರು ಹೊತ್ತೂ ಖಾನಾವಳಿ. ಆ ಮನೆಯಲ್ಲಿ ಕೆಲಸ ಅಂತ ಮಾಡಿದ್ದರೆ ಇಲಿ ಹಿಡಿದ ಬೆಕ್ಕು ಒಂದೇ ಎಂದರು ಸಾಹೇಬರು. ಎರಡನೆಯದು ಪಿಂಚಣಿ ಪಡೆದ ಹವಾಲ್ದಾರರದು, ಅವರ ಸೊಸೆ ಗಟ್ಟಿಗಿತ್ತಿ, ಅವಳೂ ಎತ್ತರ. ಮೂರನೆಯ ಕೀಲಿಯ ಮೇಲೆ ದುರ್ಗಪ್ಪ ಪೈಲ್ವಾನನ ಹೆಸರಿತ್ತು. ಅದನ್ನು ನಾನೇ ಭಾರೀ ಆಳುಗಳಿಗೆ, ಬಗ್ಗಲು ಬಾರದ ಬೆನ್ನುನೋವಿನವರಿಗೆ ಎಂದು ಎತ್ತಿಟ್ಟಿದ್ದೆ. ತಿಂಗಳುಗಟ್ಟಲೆ ಯಾರೂ ಬಂದಿರಲಿಲ್ಲ. ಸಾಹೇಬರೂ ನಾನೂ ಒಟ್ಟಿಗೆ ಒಬ್ಬರ ಮುಖ ಒಬ್ಬರು ನೋಡಿದೆವು, ಏಕೆಂದರೆ ಪೈಲ್ವಾನನಿಗೆ ಮದುವೆಯಾಗಿಲ್ಲ, ಅವನಿಗೆ ರೊಟ್ಟಿ ಬಡಿದು ಹಾಕುತ್ತಿದ್ದದ್ದು ಅವನ ಅಕ್ಕ ತಂಗೆವ್ವ. ತಂಗೆವ್ವನಿಗೆ ಕೂಸಿದ್ದಾಗ ಪೋಲಿಯೋ ಆಗಿತ್ತು. ಅವಳು ನೆಲದ ಮೇಲೆ ಕೂತೇ ಸರಿದಾಡುವವಳು.

ದುರ್ಗಪ್ಪ ಈಗ ಊರಾಚೆ ಗರಡಿಮನೆ ತೆರೆದು ಅಕ್ಕನ ಜೊತೆ ಅದರ ಪಕ್ಕದಲ್ಲೇ ಇದ್ದ. ನಾವು ಹೋದಾಗ ಒಬ್ಬನೇ ಕೆಂಪು ಮಣ್ಣು ಕೆದಕಿ ಎಣ್ಣೆ ಹಾಕಿ ಹದ ಮಾಡುತ್ತಿದ್ದ. ಹಳೆಯ ಮನೆಯ ವಿಚಾರ ತೆಗೆದ ಕೂಡಲೆ ಅವನ ಕೈ ತಾನಾಗಿ ಹಣೆಗೆ ಹೋಯಿತು. ಅಲ್ಲಿ ಒಂದರ ಮೇಲೊಂದು ಗಾಯದ ಗುರುತುಗಳು.

"ಇವು ಕುಸ್ತ್ಯಾಗ ಆದವು ಅಂತ ಮಂದಿ ತಿಳಕೊಂಡಾರ್ರಿ," ಎಂದ. "ನಾನೂ ಹೂಂ ಅಂದೀನಿ."

ಒಳಗಿನಿಂದ ತಂಗೆವ್ವನ ದನಿ ಬಂತು. "ಸುತ್ತ ಊರ ಪೈಲ್ವಾನರು ಇವನ್ನ ಕೆಡವಾಕ ಆಗಲಿಲ್ಲ, ಆ ಬಾಗಲಾ ದಿನಕ್ಕೊಮ್ಮೆ ಕೆಡವತಿತ್ತು."

"ಅಣ್ಣಾರ, ಮನಿ ಹೊಂದವಲ್ದು ಅಂತ ಕಚೇರಿಗೆ ಒಂದ ಮಾತ ಹೇಳಬೇಕಿಲ್ರಿ?" ಎಂದೆ.

"ಮನಿ ನನ್ನ ಬಡೀತೈತಿ ಅಂತ ಪೈಲ್ವಾನ ಆದಂವ ಹೆಂಗ ಹೇಳಬೇಕವಾ," ಎಂದು ಅವನು ಬಹಳ ಗಂಭೀರವಾಗಿ ಕೇಳಿದ. ಫಕೀರಪ್ಪ ಸಾಹೇಬರು ಅಷ್ಟೇ ಗಂಭೀರವಾಗಿ ತಲೆಯಾಡಿಸಿದರು.

ತಂಗೆವ್ವ ಸರಿದುಕೊಂಡು ಹೊರಗೆ ಬಂದಳು. ಅಂಗೈಗಳು ಮರದ ಹಾಗೆ ಗಟ್ಟಿ. ನಾನು ಕಸ್ತೂರಿಯ ವಿಷಯ ಹೇಳುತ್ತಿದ್ದಂತೆ ಅವಳು ನಡುನಡುವೆ ಕೇಳಿದಳು. ಕೂತು ಅಡಿಗೆ ಮಾಡ್ತಾಳೋ, ಕುರ್ಚಿ ಮೇಲೋ. ರಟ್ಟೆಯಲ್ಲಿ ಕಸುವು ಇದೆಯೋ. ಬಲಗೈಯೋ ಎಡಗೈಯೋ. ಆಮೇಲೆ ಹೇಳಿದಳು, "ಅಲ್ಲಿ ಹೊಸ್ತಿಲಾ ಅನ್ನೂದು ಉಳದಿಲ್ಲ. ಒಲಿ ನೆಲದ ಮ್ಯಾಲೆ, ನನ್ನ ಬಲಕ್ಕ. ನಲ್ಲಿ ಕುಂತಲ್ಲೇ ಸಿಗ್ತೈತಿ. ಆದ್ರ ಜಳಕದ ಮನಿಗೆ ಹೋಗೂಮುಂದ ಒಂದ ಇಳಿಜಾರ ಐತಿ, ನನಗ ರೂಢಿ, ಗಾಲಿ ಹಲಗಿ ಓಡಿಹೋಗ್ತೈತಿ. ಅಲ್ಲಿ ಹುಷಾರ ಇರಂತ ಹೇಳು."

ಶನಿವಾರ ಧರ್ಮಶಾಲೆಗೆ ಹೋಗಿ ಕಸ್ತೂರಿಗೆ ಎಲ್ಲವನ್ನೂ ಹೇಳಿದೆ. ಅವಳು ಕುಣಿದಾಡುತ್ತಾಳೆ ಎಂದುಕೊಂಡಿದ್ದೆ. ಅವಳು ಕೈಮಷೀನಿನಲ್ಲಿ ಹೊಲಿಯುತ್ತಿದ್ದ ಕುಪ್ಪಸದ ದಾರ ಹಲ್ಲಿನಿಂದ ಕಡಿದು ಕೇಳಿದಳು, "ನೀ ಒಳಗ ಹೋಗಿ ನೋಡೀಯೇನು?"

"ಇಲ್ರಿ ಅಕ್ಕಾ. ಹೋಗಂಗಿಲ್ಲ."

"ಮತ್ತ ಯಾವ ಭರವಸಾದ ಮ್ಯಾಲೆ ಬರ್ಲಿ? ಅವತ್ತ ಮಂದಾ ಹಲಗಿ ತಳ್ಳಿದ್ಲು ನೋಡು, ಹಂಗ ಇನ್ನೊಮ್ಮೆ ಆಕಿ ಮುಂದ ಕುಂದ್ರೂದು ನನ್ನ ಕೈಲೆ ಆಗೂದಿಲ್ಲ. ಹೋದ್ರ ಹೋಗ್ಲಿ, ನಗಕೋತ ಕಳಸ್ತೀನಿ ಅಂತ ಮನಸ್ಸ ಗಟ್ಟಿ ಮಾಡಿದ್ದೆ."

"ತಂಗೆವ್ವನ ಅಂಗೈ ನೋಡೀನ್ರಿ," ಎಂದೆ. ಕಸ್ತೂರಿ ತನ್ನ ಅಂಗೈಗಳನ್ನು ಮಡಿಲಲ್ಲಿ ಮಗುಚಿ ನೋಡಿಕೊಂಡಳು. ಒಂದು ವರ್ಷದಲ್ಲಿ ಅವೂ ದಡ್ಡುಗಟ್ಟಿದ್ದವು. ಬಾಳವ್ವ ಕಾಕೂ ಕಳಿಸಿದ ಮಾತನ್ನೂ ಆಗಲೇ ಹೇಳಿದೆ. ಅವಳು ಅದನ್ನು ಎರಡು ಸಲ ಹೇಳಿಸಿಕೊಂಡು ಕೇಳಿದಳು.

"ನಾ ಒಬ್ಬಾಕಿನೇ ಮೊದಲ ಹೋಗ್ತೀನಿ," ಎಂದಳು ಕೊನೆಗೆ. "ಯಾರೂ ಬರಬ್ಯಾಡ್ರಿ. ಅಕ್ಕಗ ಹೇಳು, ಸೋಮವಾರ ಬಸ್ಸಿಗಿಂತ ಮೊದಲ ನನ್ನ ಮನ್ಯಾಗ ಉಂಡು ಹೋಗು ಅಂತ. ಮಂದಾನ ಚೀಲಾನೂ ತಗೊಂಡು ಬರ್ಲಿ. ನಾ ಮಾಡಿ ಬಡಿಸಿದ್ರ ಚೀಲ ನನ್ನ ಮನ್ಯಾಗ. ಆಗಲಿಲ್ಲಂದ್ರ ಬಸ್ಸಿನ್ಯಾಗ."

ಸೋಮವಾರ ಬೆಳಿಗ್ಗೆ ಅವಳು ಕೀಲಿ ತೆಗೆದು ಒಳಗೆ ಹೋದಳು. ಹಲಗೆಯ ಗಾಲಿ ಎಲ್ಲೂ ತಡೆಯದೆ ಉರುಳಿದ ಸದ್ದು ಮಾತ್ರ ಹೊರಗೆ ಕೇಳಿತು. ಸಾಹೇಬರೂ ನಾನೂ ಎದುರಿನ ಬೇವಿನ ಕಟ್ಟೆಯ ಮೇಲೆ ಕೂತಿದ್ದೆವು. ಒಮ್ಮೆ ಏನೋ ಧಡ್ ಎಂದು ಬಿತ್ತು. ನಾನು ಎದ್ದೆ. ಸಾಹೇಬರು ನನ್ನ ಓಢಣಿ ಹಿಡಿದು ಕೂರಿಸಿದರು. ಸುಮಾರು ಹೊತ್ತಿನ ಮೇಲೆ ಬದನೆಕಾಯಿ ಎಣ್ಣೆಯಲ್ಲಿ ಬಾಡುವ ವಾಸನೆ ಬಂತು, ಅದರ ಹಿಂದೆಯೇ ರೊಟ್ಟಿ ಬಡಿಯುವ ಸದ್ದು. ಆ ಸದ್ದು ನಮ್ಮ ಓಣಿಗಳಲ್ಲಿ ದಿನಾ ಕೇಳುವಂಥದ್ದೇ. ಆದರೂ ಸಾಹೇಬರು ಮಾತು ನಿಲ್ಲಿಸಿ ಕೇಳುತ್ತ ಕೂತರು.

ಶಕುಂತಲಾ ಬಂದಾಗ ಬಿಸಿಲು ನೆತ್ತಿಗೇರಿತ್ತು. ಒಂದು ಕೈಯಲ್ಲಿ ಮಂದಾರ, ಇನ್ನೊಂದು ಕೈಯಲ್ಲಿ ಮಂದಾರಳ ಬಟ್ಟೆಯ ಚೀಲ. "ಬರ್ರಿ ಒಳಗ," ಎಂದು ಕಸ್ತೂರಿ ನಮ್ಮೆಲ್ಲರನ್ನೂ ಕರೆದಳು. "ನೀವೂ ಬರ್ರಿ ಸಾಹೇಬ್ರ. ಕೈ ಕಟಗೊಂಡು ಕುಂತ್ರ ಮನೀಗೇನೂ ಆಗೂದಿಲ್ಲಂತ ಈಗ ಗೊತ್ತ ಆತಲ್ಲ." ಹೀಗೆ ನಾನು ಜೀವಮಾನದಲ್ಲಿ ಮೊದಲ ಸಲ ಕಚೇರಿ ಹಂಚಿದ ಒಂದು ಮನೆಯೊಳಗೆ ಹೋದೆ. ಸಾಹೇಬರು ಎರಡಾಗಿ ಮಡಚಿಕೊಂಡು ಬಂದು ಗೋಡೆಗೆ ಒರಗಿ ಕೈಗಳನ್ನು ಕಂಕುಳಲ್ಲಿ ಸಿಕ್ಕಿಸಿಕೊಂಡು ಕೂತರು. ಒಳಗೆ ಎಲ್ಲವೂ ನೆಲದ ಹತ್ತಿರ. ಕಿಟಕಿಯೂ ಕೂತವರ ಕಣ್ಣಿನ ಮಟ್ಟಕ್ಕಿತ್ತು, ಕೂತ ಮೇಲೆ ಅದರಿಂದ ಬೀದಿಯೆಲ್ಲ ಕಾಣಿಸಿತು.

ಕಸ್ತೂರಿಯ ಮೊಣಕೈ ತರಚಿತ್ತು. ಜಳಕದ ಮನೆಯ ಇಳಿಜಾರು. ಶಕುಂತಲಾ ಅದನ್ನು ನೋಡಿದಳು. ಕಸ್ತೂರಿ ತಾಟು ಜೋಡಿಸಲು ಹೊರಟಾಗ ಅಕ್ಕನ ಕೈ ಅಭ್ಯಾಸದಿಂದ ಮುಂದೆ ಹೋಯಿತು.

"ಅಕ್ಕಾ, ಬ್ಯಾಡ," ಎಂದಳು ಕಸ್ತೂರಿ.

"ನಾಕ ತಾಟ ಇಟ್ರ ನನ್ನ ಕೈಯೇನ ಸವೀತಾವೇನ?"

"ನಿನ್ನ ಕೈ ಸವಿಯೂದಿಲ್ಲ. ಮನಿ ನಿನ್ನ ಕಡೆ ತಿರಗತೈತಿ. ನೀ ಹೋಗ್ತಿ, ನಾ ಅದರ ಜೋಡಿ ಇರಬೇಕು."

ಶಕುಂತಲಾ ಕೈಯನ್ನು ಹಿಂದೆ ತಗೊಂಡಳು. ಒಂದು ವರ್ಷ ತಂಗಿಗೆ ಉಣಿಸಿ, ಮೈ ತೊಳೆಸಿ, ತಲೆ ಬಾಚಿದ ಕೈ ಅದು. ಈಗ ಅದನ್ನು ಎಲ್ಲಿಡಬೇಕೆಂದು ತಿಳಿಯದೆ ಮೊದಲು ಮಡಿಲಲ್ಲಿಟ್ಟಳು, ಆಮೇಲೆ ಮಂದಾರಳ ತಲೆಯ ಮೇಲೆ. ಮಂದಾರ ಎದ್ದು, "ನಾನರೇ ನೀರು ತರ್ಲೇನವ್ವಾ?" ಎಂದಳು.

"ನಿನ್ನ ನೀರು ನೀ ತಗೋ. ಎಲ್ಲಾರದೂ ಬ್ಯಾಡ," ಎಂದಳು ಕಸ್ತೂರಿ. ಮಂದಾರ ನಲ್ಲಿ ಹುಡುಕಿ, ಅದು ತನ್ನ ಮೊಣಕಾಲ ಹತ್ತಿರವಿದ್ದದ್ದು ನೋಡಿ ನಕ್ಕು, ಬಗ್ಗಿ ಲೋಟ ತುಂಬಿಕೊಂಡಳು.

ಕಸ್ತೂರಿ ಬಡಿಸಿದಳು. ಒಲೆಯಿಂದ ನಮ್ಮ ತನಕ, ನಮ್ಮಿಂದ ಒಲೆಯ ತನಕ ಹಲಗೆ ತಳ್ಳಿಕೊಂಡು ಐದಾರು ಸಲ ಓಡಾಡಿದಳು. ರೊಟ್ಟಿಯ ಬುಟ್ಟಿ ಮಡಿಲಲ್ಲಿ, ಪಲ್ಯದ ಬೋಗುಣಿ ಹಲಗೆಯ ಮುಂದುಗಡೆ. ಒಮ್ಮೆ ಬೋಗುಣಿ ವಾಲಿತು. ಅಲ್ಲಿದ್ದ ನಾಲ್ವರೂ ಕೈ ಎತ್ತಿದೆವು, ನಾಲ್ವರೂ ಇಳಿಸಿದೆವು. ಅವಳು ತಾನೇ ಹಿಡಿದುಕೊಂಡಳು. ಎಲ್ಲರಿಗೂ ಬಡಿಸಿ ಕೊನೆಗೆ ತನ್ನ ತಾಟು ಹಾಕಿಕೊಂಡು ಅಕ್ಕನ ಎದುರು ಕೂತಳು. ಶಕುಂತಲಾ ರೊಟ್ಟಿ ಮುರಿದು, ಪಲ್ಯ ಹಚ್ಚಿ, ನಿಧಾನವಾಗಿ ಅಗಿದಳು. ಬಟ್ಟೆಯ ಚೀಲ ಇನ್ನೂ ಅವಳ ತೊಡೆಯ ಮೇಲೇ ಇತ್ತು. ಉಣ್ಣುವಾಗಲೂ ಇಳಿಸಿರಲಿಲ್ಲ.

"ಪಲ್ಯಾಕ್ಕ ಉಪ್ಪು ಕಮ್ಮಿ ಬಿದ್ದೈತಿ," ಎಂದಳು.

"ವರ್ಷಾತಲ್ಲ, ಕೈಯಳತಿ ತಪ್ಪೇತಿ," ಎಂದಳು ಕಸ್ತೂರಿ. "ನಾಳೆ ಸರಿ ಬರ್ತೈತಿ."

"ನಾಳೆ ಸರಿ ಬಂತೋ ಇಲ್ಲೋ ನನಗ ಹೆಂಗ ತಿಳೀಬೇಕು? ನಾ ಇರೂದಿಲ್ಲ."

"ಮಂದಾ ಇರ್ತಾಳಲ್ಲ. ಆಕಿ ರುಚಿ ನೋಡಿ ಹೇಳ್ತಾಳ."

ಶಕುಂತಲಾ ತಂಗಿಯ ಮುಖ ನೋಡಿದಳು. ಮಂದಾರಳ ಬಾಯಿ ತುಂಬ ರೊಟ್ಟಿ, ಕಣ್ಣು ದೊಡ್ಡಮ್ಮನ ಮೇಲೆ. ಶಕುಂತಲಾ ಎಡಗೈಯಿಂದ ಚೀಲವನ್ನು ತೊಡೆಯಿಂದ ಎತ್ತಿ ಗೋಡೆಗೆ ಒರಗಿಸಿಟ್ಟಳು. ತಾನು ಬಿಚ್ಚಿ ಜೋಡಿಸಲು ಹೋಗಲಿಲ್ಲ. "ಇನ್ನೊಂದ ರೊಟ್ಟಿ ಹಾಕು," ಎಂದು ತಾಟು ಮುಂದೆ ಚಾಚಿದಳು, "ಬಸ್ಸಿಗೆ ಇನ್ನೂ ಹೊತ್ತೈತಿ."